ಬೇಲಿಯ ಗಂಧ, ಕೋಠಿಯ ಲೆಕ್ಕ

ಹಾಸನ ಜಿಲ್ಲೆಯ ಕಾಡಿನ ಮಾತು ಬಂದರೆ ಎಲ್ಲರ ದೃಷ್ಟಿಯೂ ಪಡುವಲಿಗೆ ಹೋಗುತ್ತದೆ. ಕಬ್ಬಿನಾಲೆ, ಕಾಗನೇರಿ, ಕೆಂಪುಹೊಳೆ, ಬಿಸಿಲೆ ಎಂದು ಹೆಸರು ಹೇಳುತ್ತಿದ್ದಂತೆ ಬಿಡದೆ ಸುರಿಯುವ ಮಳೆ, ಜಿಗಣೆ, ಬಲಗಿ ಮತ್ತು ಧೂಪದ ಮರಗಳು ಕಣ್ಣಮುಂದೆ ನಿಲ್ಲುತ್ತವೆ. ಅದು ಸಹಜವೇ. ದೊಡ್ಡ ಮರ ಇದ್ದದ್ದು ಆಗ ಮಂಜರಾಬಾದು ಎಂದು ಕರೆಯುತ್ತಿದ್ದ ಸಕಲೇಶಪುರದ ಸೀಮೆಯಲ್ಲಿ. ಹೀಗಾಗಿ 20ನೇ ಶತಮಾನದ ಮೊದಲ ಮೂರು ದಶಕಗಳಲ್ಲಿ ಇಲ್ಲಿ ಮರ ಕಡಿದದ್ದು, ಸಾಗಿಸಿದ್ದು, ಕೊಯ್ದದ್ದು, ಮಾರಿದ್ದು ಹೇಗೆ ಎಂದು ಬರೆಯುವವರು ಮಂಜರಾಬಾದಿನಲ್ಲೇ ಆರಂಭಿಸಿ ಅಲ್ಲೇ ಮುಗಿಸುತ್ತಾರೆ. ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣಗಳು ಆ ಬರವಣಿಗೆಯಲ್ಲಿ ಗಾಡಿ ಹಾದುಹೋಗುವ ಊರುಗಳಾಗಿ ಮಾತ್ರ ಕಾಣುತ್ತವೆ. ಇದು ಸರಿಯಲ್ಲ ಎಂಬುದು ಈ ಲೇಖನದ ವಾದ. ಮೈಸೂರು ಸಂಸ್ಥಾನದ ಅರಣ್ಯ ಇಲಾಖೆ ತನ್ನ ಅತ್ಯಂತ ಬೆಲೆಬಾಳುವ ಮರವನ್ನು ಪಡೆದದ್ದು ಇಂಥ ಬಯಲು ತಾಲ್ಲೂಕುಗಳ ಬೇಲಿ, ಬದು, ಗೋಮಾಳ, ಕಲ್ಲುಗುಡ್ಡಗಳಿಂದ. ಆ ಮರವನ್ನು ಹಿಡಿದಿಡಲು ಅದು ಕಟ್ಟಿದ ಲೆಕ್ಕದ ವ್ಯವಸ್ಥೆ ಅಸಾಮಾನ್ಯವಾದುದು. ಆದರೆ ಆ ಲೆಕ್ಕದಲ್ಲಿ ಮರಕ್ಕೆ ನೆರಳಾಗಿದ್ದ ರೈತನಿಗೆ ಪಾಲಿನ ಅಂಕಣ ಇರಲಿಲ್ಲ. ನಮ್ಮ ಬಯಲಿನ ಗಂಧ ಬರಿದಾದ ಕಥೆ ಅಲ್ಲಿಂದ ಶುರುವಾಗುತ್ತದೆ.

ಮೈಸೂರಿನ ಅರಣ್ಯ ಇಲಾಖೆ ಹುಟ್ಟಿದ್ದು 1864ರಲ್ಲಿ, ಸಂಸ್ಥಾನ ಇನ್ನೂ ಬ್ರಿಟಿಷ್ ಕಮಿಷನರರ ಆಡಳಿತದಲ್ಲಿದ್ದಾಗ. 1881ರಲ್ಲಿ ರಾಜ್ಯ ಒಡೆಯರ ಕೈಗೆ ಮರಳಿದ ಮೇಲೂ ಇಲಾಖೆ ಮುಂದುವರಿಯಿತು. 1900ರ ಮೈಸೂರು ಅರಣ್ಯ ರೆಗ್ಯುಲೇಷನ್ ಅದಕ್ಕೆ ಗಟ್ಟಿಯಾದ ಕಾನೂನಿನ ಬೆನ್ನೆಲುಬು ಕೊಟ್ಟಿತು. ಈ ಕಾನೂನಿನ ಕೆಳಗೆ ಇಲಾಖೆಯ ಅಧಿಕಾರ ಎರಡು ಬಗೆಯಲ್ಲಿ ಹರಡಿತ್ತು ಎಂಬುದನ್ನು ಗಮನಿಸಬೇಕು. ಒಂದು, ನೆಲದ ಮೇಲಿನ ಅಧಿಕಾರ: ಗಡಿ ಗುರುತಿಸಿ, ಪ್ರಕಟಣೆ ಹೊರಡಿಸಿ, ಮೀಸಲು ಅರಣ್ಯ ಎಂದು ಸಾರಿದ ಪ್ರದೇಶ. ಇನ್ನೊಂದು, ಜಾತಿಯ ಮೇಲಿನ ಅಧಿಕಾರ: ಎಲ್ಲಿ ಬೆಳೆದರೂ ಸರ್ಕಾರದ್ದೇ ಎನಿಸಿಕೊಂಡ ಮರ. ಮಂಜರಾಬಾದಿನಲ್ಲಿ ಇಲಾಖೆ ಮುಖ್ಯವಾಗಿ ನೆಲದ ಒಡೆಯನಾಗಿ ನಡೆದುಕೊಂಡಿತು. ಬಯಲಿನಲ್ಲಿ ಸೀಗೆಗುಡ್ಡದಂಥ ಒಂದಷ್ಟು ಕುರುಚಲು ಗುಡ್ಡಗಳನ್ನು ಬಿಟ್ಟರೆ ಅದರ ಕೈಯಲ್ಲಿ ನೆಲ ಕಡಿಮೆ. ಅಲ್ಲಿ ಅದು ಮರದ ಒಡೆಯ. ನೆಲ ಒಬ್ಬನದು, ಮರ ಇನ್ನೊಬ್ಬನದು ಎಂಬ ಈ ಸ್ಥಿತಿಯೇ ಮುಂದಿನ ಎಲ್ಲದರ ಬೀಜ.

ಮೊದಲು ನಾಟದ ವಿಷಯ ನೋಡೋಣ. ಪಡುವಲಿನಿಂದ ಬರುತ್ತಿದ್ದ ದಿಮ್ಮಿಗಳಿಗೆ ಋತುವೇ ಮೇಸ್ತ್ರಿ. ಮುಂಗಾರು ಕಳೆದು ನೆಲ ಆರಿದ ಮೇಲೆ ಮರ ಕಡಿಯುವುದು, ಬೇಸಿಗೆಯ ಒಳಗೆ ಎಳೆದು ರಸ್ತೆಗೆ ಹಾಕುವುದು, ಮತ್ತೆ ಮಳೆ ಹಿಡಿಯುವ ಮೊದಲು ಡಿಪೋ ಮುಟ್ಟಿಸುವುದು. ಕಡಿಯಬೇಕಾದ ಮರಕ್ಕೆ ಇಲಾಖೆಯವರು ಸುತ್ತಿಗೆಯ ಮುದ್ರೆ ಒತ್ತುತ್ತಿದ್ದರು. ಬಿದ್ದ ದಿಮ್ಮಿಗೆ ಮತ್ತೊಮ್ಮೆ ಮುದ್ರೆ, ಸಾಗಿಸಲು ರಹದಾರಿ. ಕೊಡಲಿಯೇ ಮುಖ್ಯ ಆಯುಧ. ಕೊಂಬೆ ಸವರಿ, ಬಾಚಿಯಲ್ಲಿ ಕೆತ್ತಿ, ಕೆಲವು ದಿಮ್ಮಿಗಳನ್ನು ಅಲ್ಲಿಯೇ ಚೌಕ ಮಾಡುತ್ತಿದ್ದರು. ಚೌಕ ಮಾಡಿದಷ್ಟೂ ಗಾಡಿಯ ಭಾರ ಇಳಿಯುತ್ತದೆ. ಹೊನ್ನೆ, ಮತ್ತಿ, ನಂದಿ, ಬೀಟೆಗಳಿಗೆ ಬೇಡಿಕೆ ಇತ್ತು. ಘಟ್ಟದ ಅಂಚಿನ ನಿತ್ಯಹಸುರಿನ ಕಾಡಿನಲ್ಲಿ ಇವಕ್ಕಿಂತ ಎತ್ತರದ ಮರಗಳಿದ್ದರೂ ಅವುಗಳಲ್ಲಿ ಬಹಳಷ್ಟು ಕೊಡಲಿ ಕಾಣದೆ ಉಳಿದವು. ದಾರಿಯಿಲ್ಲದ ಕಡೆ ಮರಕ್ಕೆ ಬೆಲೆಯೂ ಇಲ್ಲ. ಅಂದಿನ ಕಾಡು ಉಳಿದದ್ದರಲ್ಲಿ ಕಾನೂನಿನ ಪಾಲು ಎಷ್ಟೋ, ಕಡಿದಾದ ಇಳಿಜಾರಿನ ಪಾಲೂ ಅಷ್ಟೇ ಇದೆ.

ಆ ಕಾಲದ ಅಳತೆಯನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಲೆಕ್ಕದ ಸ್ವಭಾವ ಅದರಲ್ಲಿದೆ. ದುಂಡನೆಯ ದಿಮ್ಮಿಯ ನಡುವಿಗೆ ದಾರ ಸುತ್ತಿ ಸುತ್ತಳತೆ ತೆಗೆಯುತ್ತಾರೆ. ಅದರ ಕಾಲು ಭಾಗವನ್ನು ಆ ಕಾಲು ಭಾಗದಿಂದಲೇ ಗುಣಿಸಿ, ಬಂದದ್ದನ್ನು ಉದ್ದದಿಂದ ಗುಣಿಸುತ್ತಾರೆ. 5 ಅಡಿ ಸುತ್ತಳತೆಯ, 10 ಅಡಿ ಉದ್ದದ ದಿಮ್ಮಿ ಈ ಲೆಕ್ಕದಲ್ಲಿ 15.6 ಘನ ಅಡಿ. ಅದರೊಳಗೆ ನಿಜವಾಗಿ ಇರುವ ಮರ 19.9 ಘನ ಅಡಿ. ಐದರಲ್ಲಿ ಒಂದು ಪಾಲಿಗೂ ಹೆಚ್ಚು ಲೆಕ್ಕದಿಂದ ಹೊರಗೆ ಉಳಿಯುತ್ತದೆ. ಇದು ಮೋಸವಲ್ಲ. ದುಂಡು ಮರವನ್ನು ಚೌಕ ಮಾಡಿ ಕೊಯ್ಯುವಾಗ ಸಿಪ್ಪೆ ಹಲಗೆ, ಗರಗಸದ ಹುಡಿ ಆಗಿ ಹೋಗುವ ಭಾಗವನ್ನು ಕೊಳ್ಳುವವನಿಗೆ ಮೊದಲೇ ಬಿಟ್ಟುಕೊಟ್ಟ ಲೆಕ್ಕ. ನಾಟದ ವ್ಯಾಪಾರದಲ್ಲಿ ಸರ್ಕಾರ ಇಷ್ಟು ಸಡಿಲ ಬಿಡುತ್ತಿತ್ತು ಎಂಬುದನ್ನು ನೆನಪಿಡಿ. ಗಂಧದ ವಿಷಯಕ್ಕೆ ಬಂದಾಗ ಹೋಲಿಕೆಗೆ ಬೇಕಾಗುತ್ತದೆ. ಹಸಿ ಹೊನ್ನೆ ಅಥವಾ ಮತ್ತಿ ಘನ ಅಡಿಗೆ 60 ಪೌಂಡಿನ ಆಸುಪಾಸು ತೂಗುತ್ತದೆಂದರೆ ಮೇಲಿನ ಒಂದೇ ದಿಮ್ಮಿ 1,200 ಪೌಂಡು, ಅಂದರೆ ಅರ್ಧ ಟನ್ನಿಗೂ ಮೇಲೆ. ಒಂದು ಜೊತೆ ಎತ್ತಿನ ಗಾಡಿಗೆ ಒಂದು ದಿಮ್ಮಿ. ಸಕಲೇಶಪುರದಿಂದ ಹಾಸನಕ್ಕೆ ಸುಮಾರು 25 ಮೈಲಿ; ಭಾರ ಹೊತ್ತ ಎತ್ತು ಗಂಟೆಗೆ ಎರಡು ಮೈಲಿ ನಡೆದರೆ ಹೆಚ್ಚು. ಎರಡು ದಿನ ಬರಲು, ಖಾಲಿ ಗಾಡಿಯಲ್ಲಿ ಹಿಂದಿರುಗಲು ಮತ್ತೊಂದೂವರೆ ದಿನ. ಹಾಸನದಿಂದ ಚನ್ನರಾಯಪಟ್ಟಣಕ್ಕೋ ಹೊಳೆನರಸೀಪುರಕ್ಕೋ ಅದೇ ದಿಮ್ಮಿ ಹೋಗಬೇಕಾದರೆ ಮತ್ತೆ ಇಪ್ಪತ್ತು ಮೈಲಿಗೂ ಮೇಲೆ. ಬಯಲಿನ ಮನೆಗಳಲ್ಲಿ ತೊಲೆ, ಕಂಬಗಳಿಗೆ ಮಾತ್ರ ಮಲೆನಾಡಿನ ಮರ ಬಳಸಿ, ಜಂತೆಗೆ, ಬಾಗಿಲಿಗೆ, ಕೃಷಿಯ ಮುಟ್ಟಿಗೆ ಊರಿನ ಮರವನ್ನೇ ನೆಚ್ಚಿದ್ದೇಕೆ ಎಂಬುದಕ್ಕೆ ಇದಕ್ಕಿಂತ ಬೇರೆ ಕಾರಣ ಬೇಡ. ದಿಮ್ಮಿ ಊರಿಗೆ ಬಂದ ಮೇಲೆ ಅದನ್ನು ಕೊಯ್ಯುತ್ತಿದ್ದದ್ದೂ ಕೈಯಿಂದಲೇ: ಹಳ್ಳ ತೋಡಿ ಅಡ್ಡಕ್ಕೆ ದಿಮ್ಮಿ ಇಟ್ಟು, ನೂಲು ಹೊಡೆದು ಗೆರೆ ಹಾಕಿ, ಒಬ್ಬ ಮೇಲೆ ನಿಂತು ಇನ್ನೊಬ್ಬ ಹಳ್ಳದಲ್ಲಿ ನಿಂತು ಗರಗಸ ಎಳೆಯುತ್ತಿದ್ದರು. ಕೆಳಗಿನವನ ಕಣ್ಣಿಗೆ ದಿನವಿಡೀ ಹುಡಿ ಬೀಳುತ್ತಿತ್ತು.

ಊರಿನ ಮರ ಎಂದೆ. ಅದರ ಲೆಕ್ಕ ಯಾವ ಕಚೇರಿಯಲ್ಲೂ ಇಲ್ಲ. ಹಳ್ಳಿಯ ಬಡಗಿ ಆಯಗಾರ. ನೇಗಿಲು, ಕುಂಟೆ, ಕೂರಿಗೆ, ನೊಗ, ಗಾಡಿಯ ಅಚ್ಚು ಮಾಡಿಕೊಟ್ಟದ್ದಕ್ಕೆ ಸುಗ್ಗಿಯಲ್ಲಿ ಕಣದಿಂದ ಕಾಳು ಪಡೆಯುತ್ತಿದ್ದ. ಮರ ರೈತ ತಂದು ಹಾಕಬೇಕು. ಹಾಗೆ ತಂದ ಮರದಲ್ಲಿ ಮುಖ್ಯವಾದದ್ದು ಜಾಲಿ. ಕೆರೆಯ ಅಂಗಳದಲ್ಲಿ, ಹಳ್ಳದ ಬದಿಯಲ್ಲಿ, ಹೊಲದ ಅಂಚಿನಲ್ಲಿ ತಾನಾಗಿ ಎದ್ದು, ಕುರಿ ಮೇಕೆಗೆ ಕಾಯಿ ಕೊಟ್ಟು, ಕೊನೆಗೆ ನೇಗಿಲಾಗುವ ಮರ ಅದು. ಮನೆಗೆ ಬೇವು, ಹಲಸು. ಬೆಂಕಿಗೆ ಹೊಂಗೆ, ತೆಂಗಿನ ಗರಿ, ಸಗಣಿಯ ಬೆರಣಿ. ಗುಂಡುತೋಪಿನ ಮಾವು, ಹಿಪ್ಪೆ ಊರಿಗೆ ಸೇರಿದ್ದು. ಇವುಗಳಲ್ಲಿ ಕಾಸು ಕೈ ಬದಲಾಯಿಸಿದ್ದು ಕಡಿಮೆ, ಹಾಗಾಗಿ ಅರಣ್ಯದ ವರದಿಗಳಲ್ಲಿ ಇವು ಕಾಣುವುದಿಲ್ಲ. ಆದರೆ ಚನ್ನರಾಯಪಟ್ಟಣದಂಥ ತಾಲ್ಲೂಕಿನಲ್ಲಿ ಒಂದು ವರ್ಷದಲ್ಲಿ ಜನ ಬಳಸಿದ ಮರದಲ್ಲಿ ಇಂಥದ್ದರ ಪಾಲೇ ಹೆಚ್ಚು ಎಂದು ಹೇಳಲು ಹಿಂಜರಿಯಬೇಕಿಲ್ಲ. ಅದೇ ತಾಲ್ಲೂಕಿನ ಶ್ರವಣಬೆಳಗೊಳದಲ್ಲಿ 1910ರಲ್ಲಿ, ಮತ್ತೆ 1925ರಲ್ಲಿ ಮಹಾಮಸ್ತಕಾಭಿಷೇಕ ನಡೆದಾಗ 50 ಅಡಿಗೂ ಮೀರಿದ ಮೂರ್ತಿಯ ನೆತ್ತಿ ಮುಟ್ಟಲು ಮರದ ಕಂಬಗಳನ್ನು ಹಗ್ಗದಿಂದ ಬಿಗಿದು ಅಟ್ಟಣಿಗೆ ಕಟ್ಟಿದರು. ಬರಿ ಬಂಡೆಯ ಬೆಟ್ಟದ ಮೇಲೆ ನೂರಾರು ಜನರ ಭಾರ ಹೊರುವ ಅಷ್ಟು ದೊಡ್ಡ ಮರದ ಕಟ್ಟಡವನ್ನು ಎಬ್ಬಿಸಿ ಮತ್ತೆ ಇಳಿಸುವ ಕೈಚಳಕ ಈ ನಾಡಿನ ಬಡಗಿಗಳಿಗೆ ಇತ್ತು. ಅದನ್ನು ಉದ್ಯಮ ಎಂದು ಯಾರೂ ಎಣಿಸಲಿಲ್ಲ, ಅಷ್ಟೆ.

ಈಗ ಗಂಧ. ಗಂಧದ ಮರ ದಟ್ಟ ಮಳೆಯ ಕಾಡಿನದಲ್ಲ. ಸಾಧಾರಣ ಮಳೆ, ನೀರು ನಿಲ್ಲದ ಕಲ್ಲು ನೆಲ, ಚೆನ್ನಾಗಿ ಬಿಸಿಲು ಇರುವ ಕಡೆ ಅದರ ಕೆಚ್ಚು, ಅಂದರೆ ಒಳಮರ, ಗಟ್ಟಿಯಾಗಿ ಪರಿಮಳ ತುಂಬಿಕೊಳ್ಳುತ್ತದೆ; ಮಲೆನಾಡಿನ ಕೊಬ್ಬಿದ ಮಣ್ಣಿನಲ್ಲಿ ಬೇಗ ಬೆಳೆದರೂ ಸುವಾಸನೆಯ ಭಾಗ ತೆಳುವಾಗುತ್ತದೆ. ಇನ್ನೊಂದು ಗುಣವಿದೆ. ಗಂಧ ಪೂರ್ತಿ ಸ್ವಾವಲಂಬಿ ಅಲ್ಲ. ಅದರ ಬೇರು ಪಕ್ಕದ ಗಿಡದ ಬೇರನ್ನು ಹಿಡಿದು ಅಲ್ಲಿಂದ ಸಾರ ಎಳೆಯುತ್ತದೆ. ನೆರೆಯ ಗಿಡವಿಲ್ಲದೆ ಅದು ಬಾಳುವುದಿಲ್ಲ. ಹಕ್ಕಿಗಳು ಹಣ್ಣು ತಿಂದು ಬೀಜ ಉದುರಿಸುವುದು ಮುಳ್ಳಿನ ಪೊದೆಗಳ ಮೇಲೆ ಕೂತಾಗ. ಸಸಿ ದನ ಕುರಿಗಳ ಬಾಯಿಂದ ತಪ್ಪಿಸಿಕೊಳ್ಳುವುದೂ ಅದೇ ಮುಳ್ಳಿನ ಮರೆಯಲ್ಲಿ. ಇಷ್ಟನ್ನೂ ಒಂದೇ ಜಾಗದಲ್ಲಿ ಕೊಡುವುದು ಯಾವುದು? ರೈತನ ಬೇಲಿ. ಹಾಸನ, ಅರಕಲಗೂಡು, ಹೊಳೆನರಸೀಪುರ, ಚನ್ನರಾಯಪಟ್ಟಣಗಳಂಥ ತಾಲ್ಲೂಕುಗಳ ಹೊಲದ ಬೇಲಿಗಳು ಯಾರೂ ನೆಡದ ಗಂಧದ ನರ್ಸರಿಗಳಾಗಿದ್ದವು. ಆ ಬೇಲಿ ಕಟ್ಟಿದವನು, ಪ್ರತಿ ವರ್ಷ ಮುಳ್ಳು ಸೇರಿಸಿ ಗಟ್ಟಿ ಮಾಡಿದವನು ರೈತ. ಆದರೆ ಅದರೊಳಗೆ ಎದ್ದ ಗಂಧದ ಗಿಡ ಅವನದಲ್ಲ.

ಗಂಧ ರಾಜಮರವಾದದ್ದು 1792ರಲ್ಲಿ, ಟಿಪ್ಪು ಸುಲ್ತಾನನ ಕಾಲದಲ್ಲಿ. ಆಮೇಲೆ ಬಂದ ಪ್ರತಿಯೊಂದು ಆಡಳಿತವೂ, ಒಡೆಯರದ್ದಾಗಲಿ ಕಮಿಷನರರದ್ದಾಗಲಿ, ಆ ಹಕ್ಕನ್ನು ಬಿಗಿಯಾಗಿ ಹಿಡಿದುಕೊಂಡಿತು. ಹೊಲದ ಕಂದಾಯ ರೈತ ಕಟ್ಟಬೇಕು, ಮರವನ್ನು ಅವನು ಮುಟ್ಟುವಂತಿಲ್ಲ, ಮರಕ್ಕೆ ಹಾನಿಯಾದರೆ ಮೊದಲ ಪ್ರಶ್ನೆ ಬರುವುದು ಅವನ ಮನೆಬಾಗಿಲಿಗೆ. ಇಲಾಖೆ ಮರಗಳನ್ನು ಎಣಿಸಿ, ನಂಬರು ಹಾಕಿ, ಪುಸ್ತಕಕ್ಕೆ ಏರಿಸಿತು. ಬಲಿತ ಮರ, ಒಣಗಿದ ಮರ ತೆಗೆಯುವಾಗ ಕೊಡಲಿಯಿಂದ ಕಡಿಯುವ ಪದ್ಧತಿ ಇರಲಿಲ್ಲ. ಬುಡದ ಸುತ್ತ ಅಗೆದು ಬೇರುಸಹಿತ ಕೀಳುತ್ತಿದ್ದರು. ಎಣ್ಣೆ ಅತ್ಯಂತ ಹೆಚ್ಚಾಗಿರುವುದು ಬೇರಿನಲ್ಲಿ. ತೊಗಟೆ ಸುಲಿದು, ತುಂಡು ಮಾಡಿ, ಪ್ರತಿ ತುಂಡಿಗೂ ಮರದ ನಂಬರು ಬರೆದು ಗಾಡಿಗೆ ಏರಿಸಿ ಕೋಠಿಗೆ, ಅಂದರೆ ಸರ್ಕಾರದ ಗಂಧದ ಉಗ್ರಾಣಕ್ಕೆ, ಕಳುಹಿಸುತ್ತಿದ್ದರು. ಶಿವಮೊಗ್ಗ, ತೀರ್ಥಹಳ್ಳಿ, ಹುಣಸೂರುಗಳಂತೆ ಹಾಸನದಲ್ಲಿಯೂ ಗಂಧದ ಕೋಠಿ ಇತ್ತು.

ಕೋಠಿಯ ಒಳಗೆ ನಡೆದ ಕೆಲಸವನ್ನು ಗೋದಾಮಿನ ಕೆಲಸ ಎಂದು ಕರೆದರೆ ಅನ್ಯಾಯವಾದೀತು. ಅಲ್ಲಿ ಬಿಳಿಯ ಹೊರಮರವನ್ನು ಬಾಚಿಯಿಂದ ಕೆತ್ತಿ ತೆಗೆದು ಕೆಚ್ಚು ಮಾತ್ರ ಉಳಿಸುತ್ತಿದ್ದರು. ಹಾಗೆ ಉಳಿದ ಮರವನ್ನು 18 ದರ್ಜೆಗಳಾಗಿ ವಿಂಗಡಿಸುತ್ತಿದ್ದರು. ಮೊದಲನೆಯದು ವಿಲಾಯತ್ ಬುದ್ಧ: ದೋಷವಿಲ್ಲದ ತುಂಡು, ಒಂದೊಂದೂ 20 ಪೌಂಡಿಗೆ ಕಡಿಮೆ ಇರಬಾರದು, ಟನ್ನಿಗೆ 112 ತುಂಡು ಮೀರಬಾರದು. ಎರಡನೆಯದು ಚೀನಾ ಬುದ್ಧ: 10 ಪೌಂಡು, ಟನ್ನಿಗೆ 224. ಮೂರನೆಯದು ಪಂಜಂ: 5 ಪೌಂಡು, ಟನ್ನಿಗೆ 448. ಆಮೇಲೆ ಘೋಟ್ಲಾ, ಘಟ್ ಬದ್ಲಾ, ಬಗರ್‌ದಾದ್; ಬೇರಿನ ಮೂರು ದರ್ಜೆಗಳು; ಜಜ್‌ಪೋಕಲ್, ಐನ್ ಬಗರ್, ಚೆರಿಯಾ; ಚಿಲ್ಟಾ ಎಂಬ ಚಕ್ಕೆಗಳು; ಬಸೋಲಾ ಬುಕ್ನಿ; ಕಟ್ಟಕಡೆಗೆ ಗರಗಸದ ಹುಡಿ. ಹುಡಿಗೂ ಒಂದು ದರ್ಜೆ, ಒಂದು ತೂಕ, ಒಂದು ಬೆಲೆ. ಹೊನ್ನೆ ದಿಮ್ಮಿಯಲ್ಲಿ ಐದರಲ್ಲೊಂದು ಪಾಲನ್ನು ಕೊಳ್ಳುವವನಿಗೆ ಬಿಟ್ಟುಕೊಡುತ್ತಿದ್ದ ಸರ್ಕಾರ ಗಂಧದಲ್ಲಿ ಗರಗಸದ ಹಲ್ಲಿನಿಂದ ಉದುರಿದ್ದನ್ನೂ ಗುಡಿಸಿ ತೂಗಿತು. ದರ್ಜೆಯ ಹೆಸರುಗಳಲ್ಲಿ ಕನ್ನಡದ ಒಂದು ಪದವೂ ಇಲ್ಲದಿರುವುದನ್ನು ನೋಡಿ: ಅವು ಕೊಳ್ಳುವವರ ಭಾಷೆ, ಮಾರುಕಟ್ಟೆಯ ಭಾಷೆ. ನಮ್ಮ ಬೇಲಿಯಲ್ಲಿ ಹುಟ್ಟಿದ ಮರ ಕೋಠಿಯ ಬಾಗಿಲು ದಾಟಿದ ಕ್ಷಣದಿಂದ ಚೀನಾಕ್ಕೋ ಯೂರೋಪಿಗೋ ಸೇರಿದ ಹೆಸರು ಹೊತ್ತು ನಿಲ್ಲುತ್ತಿತ್ತು. ಹರಾಜಿನಲ್ಲಿ ಅದನ್ನು ಹಿಡಿದ ದೊಡ್ಡ ವ್ಯಾಪಾರಿಗಳು ಮುಂಬಯಿಯ ಮೂಲಕ ಹಡಗಿಗೆ ಏರಿಸುತ್ತಿದ್ದರು. ಸಂಸ್ಥಾನದ ಅರಣ್ಯ ಆದಾಯದಲ್ಲಿ ಅತಿ ದೊಡ್ಡ ಬಾಬತ್ತು ಗಂಧವೇ.

1914ರಲ್ಲಿ ಮಹಾಯುದ್ಧ ಶುರುವಾದಾಗ ಈ ಸರಪಳಿ ಒಮ್ಮೆಗೇ ಕಡಿಯಿತು. ಮೈಸೂರಿನ ಗಂಧವನ್ನು ಹೆಚ್ಚಾಗಿ ಕೊಂಡು ಎಣ್ಣೆ ತೆಗೆಯುತ್ತಿದ್ದದ್ದು ಜರ್ಮನಿ. ಕೋಠಿಗಳಲ್ಲಿ ಮರ ಉಳಿಯಿತು, ಕೊಳ್ಳುವವರಿಲ್ಲ. ಆಗ ದಿವಾನರಾಗಿದ್ದ ವಿಶ್ವೇಶ್ವರಯ್ಯನವರ ಆಡಳಿತ ಕೈಕಟ್ಟಿ ಕೂರಲಿಲ್ಲ. ಸಂಸ್ಥಾನದ ಕೈಗಾರಿಕಾ ನಿರ್ದೇಶಕ ಆಲ್ಫ್ರೆಡ್ ಚಾಟರ್ಟನ್ ಅವರ ಮುಂದಾಳತ್ವದಲ್ಲಿ, ಭಾರತೀಯ ವಿಜ್ಞಾನ ಸಂಸ್ಥೆಯ ಸಡ್‌ಬರೊ ಮತ್ತು ವಾಟ್ಸನ್ ಅವರು ನಡೆಸಿದ ಪ್ರಯೋಗಗಳ ಆಧಾರದ ಮೇಲೆ, 1916ರಲ್ಲಿ ಬೆಂಗಳೂರಿನಲ್ಲಿ, 1917ರಲ್ಲಿ ಮೈಸೂರಿನಲ್ಲಿ ಗಂಧದೆಣ್ಣೆಯ ಕಾರ್ಖಾನೆಗಳು ಎದ್ದವು. ಸಾಬೂನು ಅದರ ಬೆನ್ನಿಗೇ ಬಂತು. 1918ರ ಹೊತ್ತಿಗೆ ಮೈಸೂರು–ಅರಸೀಕೆರೆ ರೈಲುಮಾರ್ಗ ಹೊಳೆನರಸೀಪುರ, ಹಾಸನಗಳನ್ನು ಹಾದುಹೋಯಿತು. ಅದುವರೆಗೆ ಹಾಸನದಿಂದ ಅರಸೀಕೆರೆಯ ನಿಲ್ದಾಣಕ್ಕೆ ಎರಡು ದಿನ ಗಾಡಿ ಹೊಡೆಯಬೇಕಿದ್ದ ಸರಕು ಈಗ ಊರಿನಲ್ಲೇ ರೈಲು ಹತ್ತಿತು. ಅರಕಲಗೂಡು, ಚನ್ನರಾಯಪಟ್ಟಣಗಳಿಗೆ ಆ ಭಾಗ್ಯ ಸಿಗಲಿಲ್ಲ. ಚನ್ನರಾಯಪಟ್ಟಣಕ್ಕೆ ರೈಲು ಬಂದದ್ದು ಈ ಶತಮಾನದಲ್ಲಿ. ಗಂಧ ಮಾರುವ ರಾಜ್ಯ ಗಂಧದೆಣ್ಣೆ ಮಾರುವ ರಾಜ್ಯವಾದದ್ದು ನಿಜಕ್ಕೂ ಹೆಮ್ಮೆಯ ಸಂಗತಿ. ಆದರೆ ಈ ಲೇಖನದ ವಾದದ ದೃಷ್ಟಿಯಿಂದ ಕೇಳಬೇಕಾದ ಪ್ರಶ್ನೆ ಬೇರೆ: ಮರದ ಬೆಲೆ ಏರಿದಾಗ ಬೇಲಿಯವನ ಪಾಲು ಏರಿತೇ? ಕಾರ್ಖಾನೆ ಬಂದ ಮೇಲೆ ಹಳ್ಳಿಯ ಮಟ್ಟದಲ್ಲಿ ಬದಲಾದದ್ದು ಕಾವಲು. ಮರದ ಒಡೆತನ ಇದ್ದಲ್ಲೇ ಇತ್ತು.

ಇಲ್ಲಿ ಮೂರು ಆಕ್ಷೇಪಗಳು ಬರುತ್ತವೆ, ಮೂರೂ ತೂಕದವು. ಒಡೆತನ ಸರ್ಕಾರದ ಕೈಯಲ್ಲಿ ಇಲ್ಲದಿದ್ದರೆ ಗಂಧ ಇನ್ನೂ ಬೇಗ ನಾಶವಾಗುತ್ತಿತ್ತು ಎಂಬುದು ಮೊದಲನೆಯದು. ಬಡ ರೈತ ಮೂವತ್ತು ವರ್ಷ ಕಾಯುತ್ತಾನೆಯೇ, ಮಗಳ ಮದುವೆಗೋ ಸಾಲಕ್ಕೋ ಎಳೆಯ ಮರವನ್ನೇ ಕಡಿದು ಮಾರುತ್ತಿದ್ದ ಎಂದು ಇಲಾಖೆಯ ಪರವಾಗಿ ವಾದಿಸಬಹುದು. ಇದರಲ್ಲಿ ಸತ್ಯಾಂಶವಿದೆ. ಬಲಿಯುವವರೆಗೆ ಮರವನ್ನು ನಿಲ್ಲಿಸಿದ್ದು, ತೆಗೆಯುವುದಕ್ಕೆ ಕ್ರಮ ಕಲ್ಪಿಸಿದ್ದು ಕಾನೂನೇ. ದಶಕಗಟ್ಟಲೆ ಆದಾಯ ಕುಸಿಯದೆ ನಡೆದದ್ದು ಅದರಿಂದಲೇ. ಆದರೆ ಬಯಲಿನ ರೈತನಿಗೆ ಕಾಯುವ ಗುಣವಿಲ್ಲ ಎಂಬ ಮಾತನ್ನು ಚನ್ನರಾಯಪಟ್ಟಣದ ತೆಂಗಿನ ತೋಟಗಳು ಒಪ್ಪುವುದಿಲ್ಲ. ಏಳೆಂಟು ವರ್ಷ ಒಂದು ಕಾಯಿಯನ್ನೂ ಕೊಡದ ಸಸಿಗೆ ಬಾವಿಯಿಂದ ನೀರು ಹೊತ್ತು ಹಾಕಿ ಮೊಮ್ಮಕ್ಕಳ ಕಾಲಕ್ಕೆ ತೋಟ ಬಿಟ್ಟುಹೋದವರು ಅದೇ ರೈತರು. ಹಲಸು, ಮಾವು, ಹಿಪ್ಪೆ, ಜಾಲಿ ಇವುಗಳನ್ನು ಯಾವ ಗಾರ್ಡಿನ ಕಾವಲೂ ಇಲ್ಲದೆ ಅವರು ಉಳಿಸಿಕೊಂಡರು, ಕಡಿದರು, ಮತ್ತೆ ಬೆಳೆಸಿದರು. ವ್ಯತ್ಯಾಸ ಮರದ ವಯಸ್ಸಿನಲ್ಲಿ ಇರಲಿಲ್ಲ, ಒಡೆತನದಲ್ಲಿ ಇತ್ತು. ತನ್ನದಾದ ಮರಕ್ಕೆ ರೈತ ನೀರೆರೆದ. ತನ್ನದಲ್ಲದ, ಆದರೆ ತನ್ನ ತಲೆಯ ಮೇಲೆ ಜವಾಬ್ದಾರಿ ಹೊರಿಸುವ ಸಸಿಯನ್ನು ಹೆಬ್ಬೆರಳ ಗಾತ್ರ ಇರುವಾಗಲೇ ಕಿತ್ತೆಸೆದ. ಕಿತ್ತ ಸಸಿಗೆ ನಂಬರಿಲ್ಲ, ಹಾಗಾಗಿ ಆ ನಷ್ಟ ಯಾವ ಪುಸ್ತಕದಲ್ಲೂ ಇಲ್ಲ. ಬಲಿತ ಮರವನ್ನು ಹುಡಿಯವರೆಗೆ ತೂಗಿದ ವ್ಯವಸ್ಥೆಗೆ ಹುಟ್ಟಲು ಬಿಡದ ಮರವನ್ನು ಎಣಿಸುವ ದಾರಿ ಇರಲಿಲ್ಲ.

ಎರಡನೆಯ ಆಕ್ಷೇಪ: ಗಂಧವನ್ನು ಕೊಂದದ್ದು ಕಾನೂನಲ್ಲ, ಸ್ಪೈಕ್ ರೋಗ. ಇದನ್ನು ಹಗುರವಾಗಿ ತಳ್ಳಿಹಾಕುವಂತಿಲ್ಲ. 1899ರಲ್ಲಿ ಕೊಡಗಿನಲ್ಲಿ ಕಾಣಿಸಿಕೊಂಡ ಈ ರೋಗ ಕೆಲವೇ ವರ್ಷಗಳಲ್ಲಿ ಮೈಸೂರಿನ ಗಡಿ ದಾಟಿತು. ಅರಕಲಗೂಡು ಕೊಡಗಿಗೆ ಅಂಟಿಕೊಂಡೇ ಇರುವ ತಾಲ್ಲೂಕು. ಎಲೆಗಳು ಕಿರಿದಾಗಿ ಸೂಜಿಗಳಂತೆ ಸೆಟೆದು ನಿಲ್ಲುತ್ತವೆ, ಹೂ ಕಾಯಿ ನಿಲ್ಲುತ್ತದೆ, ನೆರೆಯ ಗಿಡದ ಬೇರಿನ ಹಿಡಿತ ಸಡಿಲಿ ಒಂದೆರಡು ವರ್ಷದಲ್ಲಿ ಮರ ಸಾಯುತ್ತದೆ. ಕಾರಣ ಕಂಡುಹಿಡಿದವರಿಗೆ ಮೈಸೂರು ಸರ್ಕಾರ 10,000 ರೂಪಾಯಿ ಬಹುಮಾನ ಸಾರಿತು. ಬೇಲಿಗಳಲ್ಲಿ ಹಬ್ಬಿದ್ದ ಲಂಟಾನದ ಮೇಲೆ ಕೆಲವರು ಅನುಮಾನಪಟ್ಟರು, ಬೆಂಕಿಯ ಮೇಲೆ ಕೆಲವರು. ರೋಗದ ಗಿಡದ ಕಸಿಯಿಂದ ಒಳ್ಳೆಯ ಗಿಡಕ್ಕೂ ರೋಗ ತಗಲುತ್ತದೆಂದು, ಅಂದರೆ ಇದು ಅಂಟುರೋಗವೆಂದು, ಮೈಸೂರಿನ ಕೃಷಿ ಇಲಾಖೆಯ ಲೆಸ್ಲಿ ಕೋಲ್ಮನ್ 1917ರಲ್ಲಿ ತೋರಿಸಿದರು. ನಿಜವಾದ ಕಾರಣವಾದ ಸೂಕ್ಷ್ಮಜೀವಿ ಸೂಕ್ಷ್ಮದರ್ಶಕಕ್ಕೆ ಸಿಕ್ಕಿದ್ದು 1969ರಲ್ಲಿ; ಗುಣಪಡಿಸುವ ಮದ್ದು ಇಂದಿಗೂ ಇಲ್ಲ. ರೋಗ ಕೊಂದ ಮರಗಳ ಸಂಖ್ಯೆ ದೊಡ್ಡದು ಎಂಬುದರಲ್ಲಿ ಸಂಶಯ ಬೇಡ. ಆದರೆ ರೋಗದಿಂದ ಒಂದು ತಲೆಮಾರಿನ ಮರ ಹೋದರೆ ಅದರ ಜಾಗದಲ್ಲಿ ಇನ್ನೊಂದು ತಲೆಮಾರು ಏಳಬೇಕು. ತಿಪಟೂರು, ಅರಸೀಕೆರೆ, ಚನ್ನರಾಯಪಟ್ಟಣದ ತೆಂಗಿಗೂ ರೋಗ ಬಂದಿದೆ, ನುಸಿ ಬಿದ್ದಿದೆ. ರೈತ ಸತ್ತ ಮರದ ಪಕ್ಕ ಮತ್ತೆ ಸಸಿ ಇಟ್ಟಿದ್ದಾನೆ. ಗಂಧ ಸತ್ತ ಜಾಗದಲ್ಲಿ ಸಸಿ ಇಡುವುದಕ್ಕೆ ಅವನಿಗೆ ಯಾವ ಕಾರಣವೂ ಇರಲಿಲ್ಲ. ರೋಗ ಗಾಯ ಮಾಡಿತು, ಗಾಯ ಮಾಯದಂತೆ ತಡೆದದ್ದು ಒಡೆತನದ ಕಾನೂನು.

ಕಾನೂನು ಬದಲಾದ ಮೇಲೆ ಏನಾಯಿತು ಎಂಬುದು ಈ ವಾದಕ್ಕೆ ಸಿಗುವ ಅತ್ಯುತ್ತಮ ಪರೀಕ್ಷೆ. 2001ರಲ್ಲಿ ಕರ್ನಾಟಕ ಅರಣ್ಯ ಕಾಯ್ದೆಗೆ ತಂದ ತಿದ್ದುಪಡಿ ಖಾಸಗಿ ಜಮೀನಿನ ಗಂಧವನ್ನು ಜಮೀನುದಾರನದೇ ಎಂದು ಒಪ್ಪಿತು. ಟಿಪ್ಪುವಿನ ಆಜ್ಞೆಯಿಂದ ಎಣಿಸಿದರೆ 209 ವರ್ಷಗಳ ನಂತರ. ಅಲ್ಲಿಂದೀಚೆಗೆ ರಾಜ್ಯದ ರೈತರು ತಾವಾಗಿಯೇ ಗಂಧ ನೆಡಲು ಮುಂದೆ ಬಂದರು; ನರ್ಸರಿಗಳಲ್ಲಿ ಗಂಧದ ಸಸಿ ಹಣ ಕೊಟ್ಟು ಕೊಳ್ಳುವ ವಸ್ತುವಾಯಿತು. ದೂರದ ಆಸ್ಟ್ರೇಲಿಯದ ಕುನುನರದಲ್ಲಿ ನಮ್ಮದೇ ಗಂಧವನ್ನು ನೆರೆಗಿಡಗಳ ಸಾಲುಗಳ ನಡುವೆ ನೀರುಣಿಸಿ ದೊಡ್ಡ ತೋಟಗಳಾಗಿ ಬೆಳೆಸಿದ್ದಾರೆ. ಅಂದರೆ ಗಂಧ ಕಾಡಿನಲ್ಲಿ ತಾನಾಗಿ ಹುಟ್ಟಬೇಕಾದ, ಕಾವಲಿನಿಂದ ಮಾತ್ರ ಉಳಿಯುವ ಮರವೆಂಬ ಹಳೆಯ ನಂಬಿಕೆ ತಪ್ಪಾಗಿತ್ತು. ಒಂದು ವಿಷಯವನ್ನು ಮರೆಮಾಚಬಾರದು: ಒಡೆತನ ಬಂದದ್ದರ ಜೊತೆಗೆ ಕಳ್ಳರೂ ಬಂದರು. ಹತ್ತು ಹದಿನೈದು ವರ್ಷ ಸಾಕಿದ ಮರವನ್ನು ಒಂದು ರಾತ್ರಿಯಲ್ಲಿ ಕಳೆದುಕೊಂಡ ರೈತನಿಗೆ ಒಡೆತನದ ಕಾಗದ ಸಮಾಧಾನ ಕೊಡುವುದಿಲ್ಲ. ಕೋಠಿಯ ಕಾಲದಲ್ಲಿ ನಂಬರು, ಮುದ್ರೆ, ರಹದಾರಿಗಳ ಸರಪಳಿ ಏಕೆ ಬೇಕಾಗಿತ್ತು ಎಂಬುದು ಇಂದಿನ ಗಂಧ ಬೆಳೆಗಾರನಿಗೆ ಚೆನ್ನಾಗಿ ಅರ್ಥವಾಗುತ್ತದೆ. ಲೆಕ್ಕ ಬೇಕಾಗಿತ್ತು, ಬಿಗಿಯೂ ಬೇಕಾಗಿತ್ತು. ಅದೇ ಪುಸ್ತಕದಲ್ಲಿ ರೈತನ ಪಾಲಿಗೂ ಒಂದು ಅಂಕಣ 1900ರಲ್ಲೇ ಬಿದ್ದಿದ್ದರೆ ಇಲಾಖೆಗೆ ಪ್ರತಿ ಬೇಲಿಯಲ್ಲೂ ಒಬ್ಬ ಕಾವಲುಗಾರ ಸಂಬಳವಿಲ್ಲದೆ ಸಿಗುತ್ತಿದ್ದ.

ಮೂರನೆಯ ಆಕ್ಷೇಪ ಇತಿಹಾಸಕಾರರದು. ಗಂಧವನ್ನು ನಾಟದ ಇತಿಹಾಸದಲ್ಲಿ ಸೇರಿಸುವುದು ಸರಿಯೇ, ಅದು ಸುಗಂಧದ ಕಥೆಯಲ್ಲವೇ, ಮರ ಕೊಯ್ಯುವ ಉದ್ಯಮವೆಂದರೆ ಭದ್ರಾವತಿಯ ಕಡೆಯ ಕಾಡುಗಳು, ಮಂಜರಾಬಾದಿನ ದಿಮ್ಮಿಗಳು ತಾನೇ ಎಂದು ಅವರು ಕೇಳಬಹುದು. ಭದ್ರಾವತಿಯಲ್ಲಿ 1923ರಲ್ಲಿ ಕಬ್ಬಿಣದ ಕುಲುಮೆ ಹೊತ್ತಿದಾಗ ಅದಕ್ಕೆ ಇದ್ದಿಲು ಒದಗಿಸಲು ಸುತ್ತಲಿನ ಕಾಡಿನ ಮರವನ್ನು ಟ್ರಾಮ್‌ವೇ ಹಾಕಿ ಸಾಗಿಸಿದ್ದು ದೊಡ್ಡ ಪ್ರಮಾಣದ ಕೆಲಸವೇ. ಆದರೆ ಪ್ರಮಾಣ ಒಂದರಿಂದಲೇ ಸಂಸ್ಥೆಯ ಸ್ವರೂಪ ತಿಳಿಯುವುದಿಲ್ಲ. ಮರವನ್ನು ಗುರುತಿಸುವುದು, ತೆಗೆಯುವುದು, ತುಂಡು ಮಾಡುವುದು, ದರ್ಜೆ ಹಾಕುವುದು, ಸಾಗಿಸುವುದು, ಹರಾಜು ಹಾಕುವುದು ಎಂಬ ಅಷ್ಟೂ ಹಂತಗಳು ಗಂಧದಲ್ಲಿದ್ದಷ್ಟು ಬಿಗಿಯಾಗಿ ಸಂಸ್ಥಾನದ ಬೇರೆ ಯಾವ ಮರದಲ್ಲೂ ಇರಲಿಲ್ಲ. ರೇಂಜರು, ಫಾರೆಸ್ಟರು, ಗಾರ್ಡು, ಕೋಠಿಯ ಗುಮಾಸ್ತ, ಬಾಚಿ ಹಿಡಿದ ಕೂಲಿಯವರೆಗೆ ಎಲ್ಲರ ಕೆಲಸವನ್ನು ರೂಪಿಸಿದ್ದು ಆ ಬಿಗಿಯೇ. ಅದು ನಡೆದ ನೆಲ ಈ ಬಯಲು ತಾಲ್ಲೂಕುಗಳಂಥದ್ದು.

ಹಾಸನ ನಗರದಲ್ಲಿ ಗಂಧದಕೋಠಿ ಎಂಬ ಹೆಸರು ಇಂದೂ ಉಳಿದಿದೆ. ಆ ಆವರಣದಲ್ಲಿ ಈಗ ಹೆಣ್ಣುಮಕ್ಕಳ ಕಾಲೇಜು ಇದೆ. ಅಲ್ಲಿ ತರಗತಿಗೆ ಹೋಗುವ ಹುಡುಗಿಯರಲ್ಲಿ ಬಹಳ ಜನ ಬರುವುದು ಈ ತಾಲ್ಲೂಕುಗಳ ಹಳ್ಳಿಗಳಿಂದಲೇ, ಒಂದು ಕಾಲಕ್ಕೆ ಗಂಧದ ಗಾಡಿಗಳು ಬಂದ ದಾರಿಯಲ್ಲೇ. ಇಲಾಖೆಯ ಕಡೆಯ ದಾಖಲೆಗಳು ಪತ್ರಾಗಾರಗಳಲ್ಲಿ, ಹಳೆಯ ಆಡಳಿತ ವರದಿಗಳಲ್ಲಿ ಸಿಗುತ್ತವೆ. ಬೇಲಿಯ ಕಡೆಯ ದಾಖಲೆ ಇರುವುದು ಹಳ್ಳಿಯ ಮನೆಗಳಲ್ಲಿ: ಗಂಧದ ಮರ ತೆಗೆದಾಗ ಬರೆಸಿಕೊಂಡ ಮಹಜರು, ನಾಟ ಸಾಗಿಸಿದ ರಹದಾರಿ ಚೀಟಿ, ಮರದ ವಿಷಯಕ್ಕೆ ಅಜ್ಜನ ಹೆಸರಿಗೆ ಬಂದ ನೋಟೀಸು, ಬಡಗಿಯ ಮನೆಯ ಆಯದ ಲೆಕ್ಕ. ಅಂಥ ಕಾಗದ ನಿಮ್ಮ ಮನೆಯ ಪೆಟ್ಟಿಗೆಯಲ್ಲಿದ್ದರೆ ಹಳೆಯದೆಂದು ಒಲೆಗೆ ಹಾಕಬೇಡಿ. ಅದರ ಒಂದು ಪ್ರತಿಯನ್ನು ನಿಮ್ಮ ತಾಲ್ಲೂಕಿನ ಗ್ರಂಥಾಲಯಕ್ಕೋ ಹತ್ತಿರದ ಕಾಲೇಜಿನ ಇತಿಹಾಸ ವಿಭಾಗಕ್ಕೋ ತಲುಪಿಸಿ.